ಬಣ್ಣ ಬದಲಿಸುವ ‘ಕೆಂಪು ಗುಬ್ಬಿ’ ನಿಜವೇ? ರಾಟವಾಳದ ಬಗ್ಗೆ ಹರಿದಾಡುವ ಮಾತುಗಳು ಮತ್ತು ಸತ್ಯ

ಮೈಯೆಲ್ಲಾ ಕಡುಗೆಂಪು, ಅದರ ಮೇಲೆ ಅಕ್ಕಿನುಚ್ಚು ಚೆಲ್ಲಿದಂತೆ ಬಿಳಿ ಚುಕ್ಕೆಗಳು. ಇಂಥ ಪುಟ್ಟ ಹಕ್ಕಿಯ ಫೋಟೋ ನಿಮ್ಮ ಮೊಬೈಲ್‌ಗೂ ಬಂದಿರಬಹುದು. ‘ಇದು ಎಡಿಟ್ ಮಾಡಿದ ಚಿತ್ರ’ ಎನ್ನುವವರೂ ಇದ್ದಾರೆ, ‘ಇದು ವಿದೇಶಿ ಹಕ್ಕಿ, ಮನೆಯಲ್ಲಿ ಸಾಕಬಹುದು’ ಎನ್ನುವವರೂ ಇದ್ದಾರೆ. ಎರಡೂ ತಪ್ಪು. ಇದು ನಮ್ಮದೇ ನೆಲದ ಕೆಂಪು ರಾಟವಾಳ. ಕೆಂಪು ಮುನಿಯ ಎಂದೂ ಕರೆಯುತ್ತಾರೆ. ಈ ಹಕ್ಕಿಯ ಬಗ್ಗೆ ಸಾಮಾನ್ಯವಾಗಿ ಕೇಳಿಬರುವ ಮಾತುಗಳನ್ನು ಒಂದೊಂದಾಗಿ ನೋಡೋಣ.

ಇದು ಯಾವ ಹಕ್ಕಿ?

ಉದ್ದ ಸುಮಾರು 10 ಸೆಂ.ಮೀ., ಅಂದರೆ ಗುಬ್ಬಚ್ಚಿಗಿಂತ ಚಿಕ್ಕದು. ಕೆರೆಯಂಚಿನ ಜೊಂಡು, ಎತ್ತರದ ಹುಲ್ಲು, ಗದ್ದೆ ಬದು ಇದರ ವಾಸಸ್ಥಾನ. ಬೆಂಗಳೂರಿನ ಹತ್ತಿರದ ಹೆಸರಘಟ್ಟ ಹುಲ್ಲುಗಾವಲಿನಲ್ಲೂ ಕಾಣಸಿಗುತ್ತದೆ. ಮುಖ್ಯ ಆಹಾರ ಹುಲ್ಲಿನ ಬೀಜ. ಬೀಜದ ಸಿಪ್ಪೆ ಸುಲಿಯಲು ಅನುಕೂಲವಾಗುವ ದಪ್ಪ, ಮೊನಚು ಕೊಕ್ಕು ಇದಕ್ಕಿದೆ. ಗೆದ್ದಲಿನಂಥ ಕೀಟಗಳು ಸಿಕ್ಕರೆ ಅವನ್ನೂ ತಿನ್ನುತ್ತದೆ. ವೈಜ್ಞಾನಿಕ ಹೆಸರು ಅಮಂಡವ ಅಮಂಡವ. ಹಿಂದೆ ಗುಜರಾತಿನ ಅಹಮದಾಬಾದಿನಿಂದ ಈ ಹಕ್ಕಿಗಳನ್ನು ಹೊರದೇಶಗಳಿಗೆ ಸಾಗಿಸುತ್ತಿದ್ದರು. ಆ ಊರಿನ ಹೆಸರೇ ವಿದೇಶಿಯರ ಬಾಯಲ್ಲಿ ತಿರುಚಿಕೊಂಡು ‘ಅಮಂಡವ’ ಆಯಿತು.

ಮಾತು 1: ಈ ಹಕ್ಕಿ ಬಣ್ಣ ಬದಲಿಸುತ್ತದೆ

ಇದು ನಿಜ, ಆದರೆ ಗೋಸುಂಬೆಯಂತೆ ನಿಮಿಷಗಳಲ್ಲಿ ಅಲ್ಲ. ಕೆಂಪಾಗುವುದು ಗಂಡು ಹಕ್ಕಿ ಮಾತ್ರ, ಅದೂ ಮರಿ ಮಾಡುವ ಕಾಲದಲ್ಲಿ. ನಮ್ಮಲ್ಲಿ ಅದು ಹೆಚ್ಚಾಗಿ ಮಳೆಗಾಲ ಮತ್ತು ಅದರ ನಂತರದ ತಿಂಗಳುಗಳು. ಆಗ ಹುಲ್ಲು ತೆನೆ ಬಿಟ್ಟು ಬೀಜ ಹೇರಳವಾಗಿರುತ್ತದೆ. ಉಳಿದ ಸಮಯದಲ್ಲಿ ಗಂಡು ಕೂಡ ಹೆಣ್ಣಿನಂತೆ ಮಾಸಲು ಕಂದು ಬಣ್ಣದಲ್ಲಿರುತ್ತದೆ. ಸೊಂಟದ ಬಳಿಯ ಕೆಂಪು ಮಾತ್ರ ಎರಡಕ್ಕೂ ವರ್ಷವಿಡೀ ಇರುತ್ತದೆ.

ಇದು ಆಗುವುದು ಹೇಗೆ? ನಮ್ಮ ಉಗುರು, ಕೂದಲಿನ ಹಾಗೆ ಪೂರ್ತಿ ಬೆಳೆದ ಗರಿಗೂ ಜೀವವಿಲ್ಲ. ಹಾಗಾಗಿ ಇದ್ದ ಗರಿಗೇ ಹೊಸ ಬಣ್ಣ ಬರುವುದಿಲ್ಲ. ಹಳೆಯ ಗರಿ ಉದುರಿ, ಆ ಜಾಗದಲ್ಲಿ ಬೇರೆ ಬಣ್ಣದ ಗರಿ ಹುಟ್ಟುತ್ತದೆ. ಕೆಂಪಿಗೆ ಬೇಕಾದ ಕ್ಯಾರೊಟಿನಾಯ್ಡ್ ಎಂಬ ವರ್ಣದ್ರವ್ಯದ ಮೂಲ ಹಕ್ಕಿ ತಿನ್ನುವ ಆಹಾರ. ಪಂಜರದಲ್ಲಿ ಇಟ್ಟ ರಾಟವಾಳಗಳು ಕಪ್ಪಗಾಗುವುದನ್ನು ಸಾಕುವವರೇ ಬಹಳ ಹಿಂದೆ ಗಮನಿಸಿದ್ದಾರೆ.

ಮಾತು 2: ಗುಲಾಬಿ, ಹಸಿರು, ಹಳದಿ ಬಣ್ಣದ ‘ಕಲರ್ ಗುಬ್ಬಿ’ಗಳು ವಿದೇಶಿ ತಳಿ

ಇದನ್ನು ನಂಬಬೇಡಿ. ಹೊಲದಲ್ಲಿ ಬಲೆ ಹಾಕಿ ಹಿಡಿದ ಕಂದು ಬಣ್ಣದ ರಾಟವಾಳಗಳಿಗೆ ಕೃತಕ ಬಣ್ಣ ಬಳಿದು ಮಾರುವುದು ಹಕ್ಕಿ ಮಾರಾಟಗಾರರ ಹಳೆಯ ತಂತ್ರ. ಒಂದೇ ಆಕಾರದ, ದಪ್ಪ ಕೊಕ್ಕಿನ ಹಕ್ಕಿಗಳು ಒಂದೇ ಪಂಜರದಲ್ಲಿ ನಾಲ್ಕಾರು ಗಾಢ ಬಣ್ಣಗಳಲ್ಲಿ ಕಂಡರೆ ಅನುಮಾನಪಡಿ. ಹೊಸ ಗರಿ ಬಂದಾಗ ಆ ಬಣ್ಣ ಇರುವುದಿಲ್ಲ. ಅಷ್ಟರೊಳಗೆ ಗರಿ ತೀಡಿಕೊಳ್ಳುವಾಗ ಬಣ್ಣ ಹಕ್ಕಿಯ ಬಾಯಿಗೂ ಹೋಗುತ್ತದೆ.

ಮಾತು 3: ಅಂಗಡಿಯಲ್ಲಿ ಮಾರುತ್ತಾರೆ ಎಂದಮೇಲೆ ಸಾಕಿದರೆ ತಪ್ಪೇನು?

ಗೊಂದಲ ಇರುವುದೇ ಇಲ್ಲಿ. ಅಂಗಡಿಗಳಲ್ಲಿ ಕಾಣುವ ಬಡ್ಜರಿಗರ್, ಜೀಬ್ರಾ ಫಿಂಚ್ ಆಸ್ಟ್ರೇಲಿಯಾ ಮೂಲದವು. ಪಂಜರದಲ್ಲೇ ಮರಿ ಮಾಡಿಸಿ ಬೆಳೆಸಿದ ಹಕ್ಕಿಗಳು. ರಾಟವಾಳ ಹಾಗಲ್ಲ. ಅದು ಭಾರತದ ಕಾಡುಹಕ್ಕಿ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಇದಕ್ಕೆ ರಕ್ಷಣೆ ಕೊಟ್ಟಿದೆ. ಹಿಡಿಯುವುದು, ಮಾರುವುದು, ಕೊಳ್ಳುವುದು, ಪಂಜರದಲ್ಲಿ ಇಡುವುದು ಎಲ್ಲವೂ ಅಪರಾಧ. ಜೈಲು ಶಿಕ್ಷೆಯೂ ಆಗಬಹುದು, ದಂಡವೂ ಬೀಳಬಹುದು. ‘ನನಗೆ ಗೊತ್ತಿರಲಿಲ್ಲ’ ಎಂದರೆ ಕಾನೂನು ಬಿಡುವುದಿಲ್ಲ.

ಮಾತು 4: ದುಡ್ಡು ಕೊಟ್ಟು ಬಿಡಿಸಿ ಹಾರಿಬಿಟ್ಟರೆ ಪುಣ್ಯ

ಉದ್ದೇಶ ಒಳ್ಳೆಯದೇ, ಆದರೆ ಫಲ ಉಲ್ಟಾ. ನೀವು ಕೊಟ್ಟ ಹಣದಿಂದಲೇ ಮಾರನೆಯ ದಿನ ಮತ್ತೊಂದು ಪಂಜರ ತುಂಬುತ್ತದೆ. ಇದು ಗುಂಪಿನಲ್ಲಿ ಬದುಕುವ ಹಕ್ಕಿ. ಬಳಲಿದ ಒಂದೆರಡನ್ನು ಹುಲ್ಲೂ ಇಲ್ಲದ, ಜೊಂಡೂ ಇಲ್ಲದ ನಗರದ ನಡುವೆ ಬಿಟ್ಟರೆ ಅವು ಕಾಗೆಗೋ ಬೆಕ್ಕಿಗೋ ಸುಲಭದ ತುತ್ತು. ಮಾರುವುದು ಕಂಡರೆ ಕೊಳ್ಳಬೇಡಿ, ಅರಣ್ಯ ಇಲಾಖೆಗೆ ತಿಳಿಸಿ.

ಮಾತು 5: ಇದು ಅಳಿವಿನಂಚಿನ ಹಕ್ಕಿ

ಸದ್ಯಕ್ಕೆ ಹಾಗೇನಿಲ್ಲ. ಭಾರತದಿಂದ ಆಗ್ನೇಯ ಏಷ್ಯಾದವರೆಗೆ ಇದೆ. ಐಯುಸಿಎನ್ ಪಟ್ಟಿಯಲ್ಲಿ ‘ಕಡಿಮೆ ಆತಂಕ’ದ ಗುಂಪಿನಲ್ಲಿದೆ. ಪಂಜರದಿಂದ ತಪ್ಪಿಸಿಕೊಂಡವು ಸ್ಪೇನ್‌ನಂಥ ದೂರದ ದೇಶಗಳಲ್ಲೂ ನೆಲೆಯೂರಿವೆ. ಆದರೆ ಇದರ ಹತ್ತಿರದ ಸಂಬಂಧಿ ಹಸಿರು ಮುನಿಯ ಭಾರತದಲ್ಲಿ ಮಾತ್ರ ಇರುವ ಹಕ್ಕಿ, ಅದು ಈಗ ಅಪಾಯದಲ್ಲಿದೆ. ಪಂಜರಕ್ಕಾಗಿ ಹಿಡಿದದ್ದು ಅದಕ್ಕೊಂದು ಮುಖ್ಯ ಕಾರಣ.

ಇನ್ನೊಂದು ಸಂಗತಿ. ರಾಟವಾಳ ಹುಲ್ಲಿನ ಎಳೆಗಳಿಂದ ಚೆಂಡಿನಂಥ ಗೂಡು ಕಟ್ಟುವುದು ನೆಲಕ್ಕೆ ಹತ್ತಿರ, ಹುಲ್ಲಿನ ಮರೆಯಲ್ಲೇ. ‘ಕಸ’ವೆಂದು ಕೆರೆಯಂಚಿನ ಹುಲ್ಲಿಗೆ ಬೆಂಕಿ ಇಟ್ಟರೆ ಗೂಡೂ ಹೋಗುತ್ತದೆ, ಮರಿಗಳೂ ಹೋಗುತ್ತವೆ.

ಒಟ್ಟಿನಲ್ಲಿ: ಕೆಂಪು ಹಕ್ಕಿ ನಿಜ, ಬಣ್ಣ ಬದಲಾಗುವುದೂ ನಿಜ. ‘ವಿದೇಶಿ ಹಕ್ಕಿ, ಸಾಕಬಹುದು’ ಎಂಬುದು ಸುಳ್ಳು. ಮುಂದಿನ ಬಾರಿ ಆ ಫೋಟೋ ಬಂದರೆ, ಅದರ ಜೊತೆಗೆ ಈ ಮಾಹಿತಿಯನ್ನೂ ಫಾರ್ವರ್ಡ್ ಮಾಡಿ.