ಕಿಡ್ನಿ ಕಾಯಿಲೆ ಇದ್ದವರಿಗೆ ಬಿ.ಪಿ. ಮಾತ್ರೆ: ಅಮ್ಲೋಡಿಪಿನ್ ಎಷ್ಟು ಸಾಕು, ಎಲ್ಲಿ ಸಾಲದು?

ಚಿಕ್ಕಮಗಳೂರು, ಮೂಡಿಗೆರೆ, ಕಳಸ ಭಾಗದ ತೋಟದ ಮನೆಗಳಲ್ಲಿ ಬಿ.ಪಿ. ಇರುವವರ ಔಷಧದ ಚೀಟಿ ನೋಡಿದರೆ ಅಮ್ಲೋಡಿಪಿನ್ ಎಂಬ ಹೆಸರು ಸಾಮಾನ್ಯವಾಗಿ ಇದ್ದೇ ಇರುತ್ತದೆ. ಕೇಂದ್ರ ಸರ್ಕಾರದ ಅಗತ್ಯ ಔಷಧಗಳ ರಾಷ್ಟ್ರೀಯ ಪಟ್ಟಿಯಲ್ಲಿರುವ ಈ ಮಾತ್ರೆ ಜನೌಷಧಿ ಅಂಗಡಿಗಳಲ್ಲಿ ಅತಿ ಕಡಿಮೆ ಬೆಲೆಗೆ ಸಿಗುತ್ತದೆ. ಕಿಡ್ನಿ ತೊಂದರೆ ಇದೆ ಎಂದು ಗೊತ್ತಾದ ದಿನ ಮನೆಯವರು ಕೇಳುವ ಮೊದಲ ಪ್ರಶ್ನೆ, 'ಇಷ್ಟು ವರ್ಷ ನುಂಗಿದ ಮಾತ್ರೆಯಿಂದಲೇ ಹೀಗಾಯಿತೇ?' ಎಂಬುದು. ಇಲ್ಲ, ಅಮ್ಲೋಡಿಪಿನ್ ಕಿಡ್ನಿಯನ್ನು ಕೆಡಿಸುವುದಿಲ್ಲ. ಆದರೆ ಮೂತ್ರದಲ್ಲಿ ಪ್ರೋಟೀನ್ ಹೋಗುತ್ತಿರುವವರಿಗೆ ಇದೊಂದೇ ಮಾತ್ರೆ ಸಾಲುವುದೂ ಇಲ್ಲ. ಈ ಎರಡನೆಯ ಮಾತು ಅನೇಕರಿಗೆ ತಿಳಿಯುವಷ್ಟರಲ್ಲಿ ತಡವಾಗಿರುತ್ತದೆ.

ಅಮ್ಲೋಡಿಪಿನ್, ಸಿಲ್ನಿಡಿಪಿನ್, ನಿಫೆಡಿಪಿನ್, ಡಿಲ್ಟಿಯಾಜೆಮ್ ಇವೆಲ್ಲ ಕ್ಯಾಲ್ಸಿಯಂ ಚಾನೆಲ್ ಬ್ಲಾಕರ್ ಎಂಬ ಗುಂಪಿಗೆ ಸೇರಿದವು. ಹೆಸರು ಕೇಳಿ ಮೂಳೆಯ ಕ್ಯಾಲ್ಸಿಯಂ ಕಡಿಮೆಯಾಗುತ್ತದೆಂದು ಹೆದರುವವರಿದ್ದಾರೆ. ಮೂಳೆಗೂ, ಕುಡಿಯುವ ಹಾಲಿಗೂ ಇದಕ್ಕೂ ಸಂಬಂಧವಿಲ್ಲ. ರಕ್ತನಾಳದ ಗೋಡೆಯಲ್ಲಿರುವ ಸ್ನಾಯು ಬಿಗಿಯಾಗಲು ಅದರ ಜೀವಕೋಶದೊಳಗೆ ಕ್ಯಾಲ್ಸಿಯಂ ಪ್ರವೇಶಿಸಬೇಕು. ಈ ಔಷಧ ಆ ದ್ವಾರವನ್ನು ತಡೆಯುತ್ತದೆ, ನಾಳ ಸಡಿಲವಾಗುತ್ತದೆ, ಒತ್ತಡ ಇಳಿಯುತ್ತದೆ.

ಕಿಡ್ನಿ ರೋಗಿಗಳಿಗೆ ಇದರಿಂದ ಕೆಲವು ನಿಜವಾದ ಅನುಕೂಲಗಳಿವೆ. ಅಮ್ಲೋಡಿಪಿನ್ ಕರಗುವುದು ಯಕೃತ್ತಿನಲ್ಲಿ, ಆದ್ದರಿಂದ ಕಿಡ್ನಿ ದುರ್ಬಲವಾದರೂ ಪ್ರಮಾಣ ತಗ್ಗಿಸಬೇಕಾಗಿಲ್ಲ. ಡಯಾಲಿಸಿಸ್‌ನಲ್ಲಿ ಅದು ಹೊರಹೋಗುವುದೂ ಇಲ್ಲ. ರಕ್ತದಲ್ಲಿ ಪೊಟ್ಯಾಸಿಯಂ ಏರಿಸುವುದಿಲ್ಲ. ಒಮ್ಮೆ ನುಂಗಿದ ಮಾತ್ರೆಯ ಅರ್ಧದಷ್ಟು ಖಾಲಿಯಾಗಲು 30ರಿಂದ 50 ಗಂಟೆ ಬೇಕಾಗುವುದರಿಂದ ಒಂದು ದಿನ ತಪ್ಪಿದರೆ ಬಿ.ಪಿ. ಥಟ್ಟನೆ ಏರುವುದಿಲ್ಲ. ಕ್ಲೋನಿಡಿನ್ ಮತ್ತು ಬೀಟಾ ಬ್ಲಾಕರ್ ಮಾತ್ರೆಗಳ ವಿಷಯದಲ್ಲಿ ಈ ಧೈರ್ಯ ಬೇಡ; ಅವುಗಳನ್ನು ಹಠಾತ್ತಾಗಿ ನಿಲ್ಲಿಸುವುದು ಅಪಾಯ.

ಹಾಗಿದ್ದರೆ ಕೊರತೆ ಎಲ್ಲಿ? ಕಿಡ್ನಿಯೊಳಗಿನ ಪ್ರತಿಯೊಂದು ಶೋಧಕಕ್ಕೂ ರಕ್ತ ಒಳಬರುವ ಒಂದು ನಾಳ, ಹೊರಹೋಗುವ ಒಂದು ನಾಳ ಇರುತ್ತದೆ. ಅಮ್ಲೋಡಿಪಿನ್ ಮುಖ್ಯವಾಗಿ ಒಳಬರುವ ನಾಳವನ್ನು ಹಿಗ್ಗಿಸುತ್ತದೆ. ತೋಳಿನಲ್ಲಿ ಅಳೆದ ಬಿ.ಪಿ. ಚೆನ್ನಾಗಿ ಕಂಡರೂ ಶೋಧಕದೊಳಗಿನ ಒತ್ತಡ ಉಳಿದುಬಿಡಬಹುದು. ಟೆಲ್ಮಿಸಾರ್ಟನ್, ಲೊಸಾರ್ಟನ್, ರಾಮಿಪ್ರಿಲ್ ಮುಂತಾದವು ಹೊರಹೋಗುವ ನಾಳವನ್ನು ಸಡಿಲಿಸಿ ಆ ಒತ್ತಡ ಇಳಿಸುತ್ತವೆ, ಪ್ರೋಟೀನ್ ಸೋರಿಕೆಯನ್ನೂ ತಗ್ಗಿಸುತ್ತವೆ. 2001ರಲ್ಲಿ ಪ್ರಕಟವಾದ ಐ.ಡಿ.ಎನ್.ಟಿ. ಎಂಬ ಅಧ್ಯಯನದಲ್ಲಿ ಸಕ್ಕರೆ ಕಾಯಿಲೆಯಿಂದ ಕಿಡ್ನಿ ಕೆಟ್ಟಿದ್ದ 1,715 ಮಂದಿ ಇದ್ದರು. ಇರ್ಬೆಸಾರ್ಟನ್ ಪಡೆದವರಲ್ಲಿಯೂ ಅಮ್ಲೋಡಿಪಿನ್ ಪಡೆದವರಲ್ಲಿಯೂ ಬಿ.ಪಿ. ಹೆಚ್ಚುಕಡಿಮೆ ಒಂದೇ ಮಟ್ಟಕ್ಕೆ ಇಳಿಯಿತು. ಆದರೂ ಕ್ರಿಯಾಟಿನಿನ್ ಎರಡು ಪಟ್ಟಾಗುವ ಅಪಾಯ ಇರ್ಬೆಸಾರ್ಟನ್ ಗುಂಪಿನಲ್ಲಿ 37 ಶೇಕಡಾ ಕಡಿಮೆಯಿತ್ತು. ಅದೇ ಅಮ್ಲೋಡಿಪಿನ್ ಜೊತೆಗಾರನಾಗಿ ಬಂದಾಗ ಚೆನ್ನಾಗಿ ಕೆಲಸ ಮಾಡುತ್ತದೆ. ಅಕಾಂಪ್ಲಿಷ್ ಅಧ್ಯಯನದಲ್ಲಿ ಬೆನಾಜೆಪ್ರಿಲ್ ಜೊತೆ ಅಮ್ಲೋಡಿಪಿನ್ ಪಡೆದವರ ಕಿಡ್ನಿ, ಅದೇ ಮಾತ್ರೆಯ ಜೊತೆ ಮೂತ್ರ ಹೆಚ್ಚಿಸುವ ಔಷಧ ಪಡೆದವರ ಕಿಡ್ನಿಗಿಂತ ನಿಧಾನವಾಗಿ ಕುಂದಿತು.

ಆದ್ದರಿಂದ ವರ್ಷಕ್ಕೊಮ್ಮೆಯಾದರೂ ಕ್ರಿಯಾಟಿನಿನ್ ಜೊತೆಗೆ ಮೂತ್ರದ ಆಲ್ಬುಮಿನ್ ಪರೀಕ್ಷೆಯನ್ನೂ ಮಾಡಿಸಬೇಕು. ಆಲ್ಬುಮಿನ್-ಕ್ರಿಯಾಟಿನಿನ್ ಅನುಪಾತ 30ಕ್ಕಿಂತ ಹೆಚ್ಚು ಬಂದರೆ ಮತ್ತೊಮ್ಮೆ ಪರೀಕ್ಷಿಸಿ ಖಚಿತಪಡಿಸಿಕೊಂಡು, ಚೀಟಿಯಲ್ಲಿ ಅಮ್ಲೋಡಿಪಿನ್ ಮಾತ್ರ ಇದ್ದರೆ ವೈದ್ಯರನ್ನು ಕೇಳಲೇಬೇಕು. ಬಿ.ಪಿ. ಅಳೆಸಿಕೊಂಡು ಸಮಾಧಾನಪಟ್ಟು ಮೂತ್ರ ಪರೀಕ್ಷೆಯನ್ನು ಮುಂದೂಡುವುದು ನಮ್ಮ ಕಡೆಯ ದೊಡ್ಡ ತಪ್ಪು. ಅಂದ ಹಾಗೆ, ಬಿ.ಪಿ. ಅಳೆಸುವ ಮೊದಲ ಅರ್ಧ ಗಂಟೆ ಕಾಫಿ ಬೇಡ. ತೋಟದ ಮನೆಯಲ್ಲಿ ಇದು ಕಷ್ಟವೇ, ಆದರೂ.

ಕಾಲು ಊತ: ಮಾತ್ರೆಯದೋ, ಕಿಡ್ನಿಯದೋ?

ಅತಿ ಹೆಚ್ಚು ಗೊಂದಲ ಇಲ್ಲಿಯೇ. ಅಮ್ಲೋಡಿಪಿನ್‌ನಿಂದ ಪಾದ, ಹರಡಿನ ಬಳಿ ಊತ ಬರುವುದುಂಟು. 5 ಮಿ.ಗ್ರಾಂ. ಪಡೆದವರಲ್ಲಿ ಸುಮಾರು 3 ಶೇಕಡಾ, 10 ಮಿ.ಗ್ರಾಂ. ಪಡೆದವರಲ್ಲಿ ಸುಮಾರು 11 ಶೇಕಡಾ ಜನರಲ್ಲಿ ಇದು ಕಂಡಿದೆ. ಸಣ್ಣ ಅಪಧಮನಿಗಳು ಹಿಗ್ಗುತ್ತವೆ, ಅಭಿಧಮನಿಗಳು ಅಷ್ಟು ಹಿಗ್ಗುವುದಿಲ್ಲ. ನಡುವೆ ಸಿಕ್ಕ ದ್ರವ ಅಂಗಾಂಶಕ್ಕೆ ಜಿನುಗುತ್ತದೆ. ಮೈಯಲ್ಲಿ ನೀರು ಹೆಚ್ಚಾಗಿ ನಿಂತದ್ದರಿಂದ ಬಂದ ಊತ ಇದಲ್ಲ. ಹಾಗಾಗಿ ಮೂತ್ರ ಹೆಚ್ಚಿಸುವ ಮಾತ್ರೆಯಿಂದ ಇದು ಸರಿಯಾಗಿ ಇಳಿಯುವುದಿಲ್ಲ. ಅಂಗಡಿಯಲ್ಲಿ ಕೇಳಿ ಅಂಥ ಮಾತ್ರೆ ನುಂಗಿದರೆ ಸೋಡಿಯಂ, ಪೊಟ್ಯಾಸಿಯಂ ಏರುಪೇರಾಗಿ ಕಿಡ್ನಿಗೆ ಇನ್ನೊಂದು ಹೊರೆ.

ಮಾತ್ರೆಯ ಊತ ಎರಡೂ ಕಾಲಿನಲ್ಲಿ ಇರುತ್ತದೆ, ಸಂಜೆಗೆ ಹೆಚ್ಚಾಗಿ, ಕಾಲು ಎತ್ತರಿಸಿ ಮಲಗಿ ಎದ್ದರೆ ಕಡಿಮೆಯಾಗಿರುತ್ತದೆ. ಬೆಳಿಗ್ಗೆ ಎದ್ದಾಗ ಕಣ್ಣಿನ ಸುತ್ತ ಊದಿಕೊಂಡಿದ್ದರೆ, ಮೂತ್ರದ ನೊರೆ ಬೇಗ ಆರದಿದ್ದರೆ, ಮೂತ್ರ ಕಡಿಮೆಯಾದರೆ ಕಿಡ್ನಿಯ ಕಡೆ ನೋಡಬೇಕು. ಮಲಗಿದಾಗ ಉಸಿರು ಕಟ್ಟಿದರೆ ಹೃದಯದ ಕಡೆ. ಒಂದೇ ಕಾಲು ಊದಿ ನೋಯುತ್ತಿದ್ದರೆ ಅದೇ ದಿನ ವೈದ್ಯರ ಬಳಿ ಹೋಗಬೇಕು. ಮಾತ್ರೆಯದೇ ಊತ ಎಂದು ಖಚಿತವಾದರೆ ವೈದ್ಯರು ಪ್ರಮಾಣ ಇಳಿಸಬಹುದು, ಟೆಲ್ಮಿಸಾರ್ಟನ್‌ನಂಥದ್ದನ್ನು ಸೇರಿಸಬಹುದು, ಅದರಿಂದ ಊತವೂ ತಗ್ಗುತ್ತದೆ. ಊತ ಕಡಿಮೆ ತರುವ ಸಿಲ್ನಿಡಿಪಿನ್‌ಗೆ ಬದಲಾಯಿಸುವುದೂ ಇದೆ. ತಾವಾಗಿಯೇ ಮಾತ್ರೆ ಬಿಟ್ಟು ಬಿ.ಪಿ. 180ಕ್ಕೆ ಏರಿದ ಮೇಲೆ ಘಾಟಿ ಇಳಿದು ಆಸ್ಪತ್ರೆಗೆ ಓಡುವುದು ಬೇಡ.

ಉಪವಾಸ, ರಾತ್ರಿಭೋಜನ ತ್ಯಾಗ

ಸೂರ್ಯಾಸ್ತದ ನಂತರ ನೀರೂ ಮುಟ್ಟದ ಶ್ರಾವಕರು ರಾತ್ರಿಯ ಮಾತ್ರೆಯ ಬಗ್ಗೆ ಚಿಂತಿಸಬೇಕಿಲ್ಲ. 21,104 ಮಂದಿಯ ಮೇಲೆ ಬ್ರಿಟನ್ನಿನಲ್ಲಿ ನಡೆದು 2022ರಲ್ಲಿ ಪ್ರಕಟವಾದ ಟೈಮ್ ಅಧ್ಯಯನದಲ್ಲಿ ಬಿ.ಪಿ. ಮಾತ್ರೆ ಬೆಳಿಗ್ಗೆ ತೆಗೆದುಕೊಂಡರೂ ಸಂಜೆ ತೆಗೆದುಕೊಂಡರೂ ಹೃದಯಾಘಾತ, ಪಾರ್ಶ್ವವಾಯುಗಳಲ್ಲಿ ವ್ಯತ್ಯಾಸ ಕಾಣಲಿಲ್ಲ. ಏಕಾಶನ ಮಾಡುವವರು ಊಟದ ಹೊತ್ತಿಗೇ ಅಮ್ಲೋಡಿಪಿನ್ ನುಂಗಬಹುದು.

ದಶಲಕ್ಷಣ ಪರ್ವದ ನಿರ್ಜಲ ಉಪವಾಸದ ವಿಷಯ ಬೇರೆ. ಮೈಯಲ್ಲಿ ನೀರು ಕಡಿಮೆಯಾದಾಗ ಟೆಲ್ಮಿಸಾರ್ಟನ್, ರಾಮಿಪ್ರಿಲ್, ಮೂತ್ರ ಹೆಚ್ಚಿಸುವ ಮಾತ್ರೆಗಳು ಕಿಡ್ನಿಯನ್ನು ಏಕಾಏಕಿ ಕುಗ್ಗಿಸಬಲ್ಲವು. ಸಕ್ಕರೆ ಕಾಯಿಲೆಗೆ ಕೊಡುವ ಡಾಪಾಗ್ಲಿಫ್ಲೋಜಿನ್ ಕೂಡ ಉಪವಾಸದಲ್ಲಿ ಅಪಾಯ ತರಬಹುದು. ಕ್ರಿಯಾಟಿನಿನ್ ಹೆಚ್ಚಿರುವವರು ಪರ್ವಕ್ಕೆ ಎರಡು ವಾರ ಮೊದಲೇ ವೈದ್ಯರನ್ನು ಕಂಡು ಯಾವ ಮಾತ್ರೆ ನಿಲ್ಲಿಸಬೇಕು, ಯಾವುದು ಮುಂದುವರಿಯಬೇಕು ಎಂದು ಬರೆಸಿಕೊಳ್ಳಬೇಕು. ನೀರು ಕುಡಿಯುವ ವ್ರತ ಸಾಧ್ಯವೇ ಎಂದು ಮುನಿಗಳಲ್ಲಿ ವಿನಂತಿಸಿ ಕೇಳುವುದರಲ್ಲಿ ತಪ್ಪಿಲ್ಲ.

ಇನ್ನೊಂದು ಪ್ರಶ್ನೆ ಜೆಲಾಟಿನ್‌ನದು. ಹಿಂದೆ ನಿಫೆಡಿಪಿನ್ ಮೆತ್ತನೆಯ ಜೆಲಾಟಿನ್ ಕ್ಯಾಪ್ಸೂಲ್‌ನಲ್ಲಿ ಬರುತ್ತಿತ್ತು, ಅದನ್ನು ಚುಚ್ಚಿ ನಾಲಿಗೆಯಡಿ ಹನಿ ಹಾಕುತ್ತಿದ್ದರು. ಬಿ.ಪಿ. ಒಮ್ಮೆಲೇ ಕುಸಿದು ಪಾರ್ಶ್ವವಾಯು, ಹೃದಯಾಘಾತಗಳಾದ ಮೇಲೆ ವೈದ್ಯರು ಆ ಕ್ರಮ ಕೈಬಿಟ್ಟರು. ಜೆಲಾಟಿನ್ ಪ್ರಾಣಿಗಳ ಚರ್ಮ, ಮೂಳೆಯಿಂದ ಬರುವಂಥದ್ದು. ಅಮ್ಲೋಡಿಪಿನ್, ಸಿಲ್ನಿಡಿಪಿನ್ ಸಾಮಾನ್ಯವಾಗಿ ಮಾತ್ರೆಯಾಗಿಯೇ ಬರುತ್ತವೆ. ಡಿಲ್ಟಿಯಾಜೆಮ್ ಕ್ಯಾಪ್ಸೂಲ್ ಬರೆದಿದ್ದರೆ ಮಾತ್ರೆಯ ರೂಪ ಸಿಗುವುದೇ ಎಂದು ವೈದ್ಯರನ್ನೇ ಕೇಳಿ. ಕಿಡ್ನಿ ಕಸಿ ಮಾಡಿಸಿಕೊಂಡವರು ಮಾತ್ರ ಡಿಲ್ಟಿಯಾಜೆಮ್ ಅನ್ನು ತಾವಾಗಿ ಸೇರಿಸುವುದಾಗಲಿ ಬಿಡುವುದಾಗಲಿ ಮಾಡಬಾರದು; ಅದು ಟ್ಯಾಕ್ರೋಲಿಮಸ್ ಮಟ್ಟವನ್ನು ಬದಲಿಸುತ್ತದೆ. ಹಿತ್ತಲಿನ ಚಕ್ಕೋತ ಹಣ್ಣನ್ನೂ ಅವರು ತಿನ್ನದಿರುವುದು ಒಳ್ಳೆಯದು.

ಕಳಸದಿಂದ ಜಿಲ್ಲಾ ಕೇಂದ್ರ ಸುಮಾರು 90 ಕಿ.ಮೀ. ಕಿಡ್ನಿ ತಜ್ಞರನ್ನು ಕಾಣಲು ಹಲವರು ಕುದುರೆಮುಖದ ದಾರಿಯಲ್ಲಿ ಮಣಿಪಾಲಕ್ಕೋ, ಮೂಡಿಗೆರೆ ಕಡೆಯವರು ಚಾರ್ಮಾಡಿ ಇಳಿದು ಮಂಗಳೂರಿಗೋ ಹೋಗುತ್ತಾರೆ. 2019ರ ಆಗಸ್ಟ್‌ನಲ್ಲಿ ಭೂಕುಸಿತದಿಂದ ಚಾರ್ಮಾಡಿ ಘಾಟಿ ಮುಚ್ಚಿದ್ದು ನೆನಪಿದೆಯಲ್ಲ. ಜೂನ್ ಮೊದಲ ವಾರದಲ್ಲೇ ಮೂತ್ರ ಮತ್ತು ರಕ್ತ ಪರೀಕ್ಷೆ ಮುಗಿಸಿ, ಎರಡು ತಿಂಗಳ ಮಾತ್ರೆ ತಂದು, ತೇವ ತಾಗದ ಡಬ್ಬಿಯಲ್ಲಿ ಇಟ್ಟುಕೊಳ್ಳಿ.