ಬೆಲ್ಲದ ಊರಿನಲ್ಲಿ ರೊಟ್ಟಿಯ ಜೋಳ ಎಲ್ಲಿ ಹೋಯಿತು?

ಹುಕ್ಕೇರಿ ತಾಲೂಕಿನ ಬೆಲ್ಲದ ಬಾಗೇವಾಡಿಯ ಹೆಸರಲ್ಲೇ ಬೆಲ್ಲ ಇದೆ. ಆದರೆ ನಮ್ಮ ಭಾಗದ ಹೊಟ್ಟೆ ತುಂಬಿಸಿದ್ದು ಬಿಳಿಜೋಳದ ರೊಟ್ಟಿ. ಎರಿ ಹೊಲದಲ್ಲಿ ಹಿಂಗಾರಿ ಜೋಳ ಬಂದರೆ ಮನೆಗೆ ಕಾಳು, ದನಕ್ಕೆ ಕಣಿಕೆ. ವರ್ಷದ ಕಾಳು ಹಗೇವಿನಲ್ಲಿ ಇರುತ್ತಿತ್ತು. ಈಗ ಕಬ್ಬು ಬೆಳೆಯುವ ಎಷ್ಟೋ ಮನೆಯವರು ಜೋಳವನ್ನು ಸಂತೆಯಲ್ಲಿ ಕೊಳ್ಳುತ್ತಾರೆ. ಇದು ಹೇಗಾಯಿತು?

ಮೊದಲು ನೀರು ಬಂತು. ಗೋಕಾಕ ತಾಲೂಕಿನ ಧೂಪದಾಳದಲ್ಲಿ ಘಟಪ್ರಭೆಗೆ ಒಡ್ಡು ಕಟ್ಟಿ 1897ರಲ್ಲಿ ಕಾಲುವೆಗೆ ನೀರು ಬಿಟ್ಟರು. 1977ರಲ್ಲಿ ಹಿಡಕಲ್ ಅಣೆಕಟ್ಟು ಮುಗಿಯಿತು. ನೀರು ಸಿಕ್ಕ ರೈತ ಹೆಚ್ಚು ರೊಕ್ಕ ಬರುವ ಬೆಳೆ ನೋಡುವುದು ಸಹಜ.

ಆಮೇಲೆ ಕಾನೂನು. 1966ರ ಕಬ್ಬು ನಿಯಂತ್ರಣ ಆದೇಶದ ಪ್ರಕಾರ ಕೇಂದ್ರ ಸರ್ಕಾರ ಕಬ್ಬಿಗೆ ಕನಿಷ್ಠ ಬೆಲೆ ಕಟ್ಟುತ್ತದೆ. ಕಾರ್ಖಾನೆ ಅದಕ್ಕಿಂತ ಕಡಿಮೆ ಕೊಡುವಂತಿಲ್ಲ, 14 ದಿನದಲ್ಲಿ ಹಣ ಕೊಡಬೇಕು. ಬಿಲ್ ತಡವಾಗುವುದು ನಮಗೆಲ್ಲ ಗೊತ್ತು. ಆದರೂ ಕೇಳಲು ಒಂದು ಕಾಯ್ದೆ ಇದೆ. ಜೋಳಕ್ಕೂ ಪ್ರತಿವರ್ಷ ಬೆಂಬಲ ಬೆಲೆ ಸಾರುತ್ತಾರೆ. ಆದರೆ ಅದೇ ಬೆಲೆಗೆ ಕೊಳ್ಳಬೇಕೆಂದು ವ್ಯಾಪಾರಿಗೆ ಕಟ್ಟುಪಾಡಿಲ್ಲ. ಸರ್ಕಾರ ಖರೀದಿ ಕೇಂದ್ರ ತೆರೆದರೆ ಮಾತ್ರ ಆ ಬೆಲೆ ಕೈಗೆ ಬರುತ್ತದೆ.

ಮೂರನೆಯದು ರೇಷನ್. 1965ರಲ್ಲಿ ಹುಟ್ಟಿದ ಭಾರತೀಯ ಆಹಾರ ನಿಗಮ ಕೊಂಡದ್ದು ಮುಖ್ಯವಾಗಿ ಗೋಧಿ, ಅಕ್ಕಿ. ಗೋದಾಮಿನಲ್ಲಿ ಇದ್ದದ್ದೇ ಅಂಗಡಿಗೆ ಬಂತು. 2013ರ ಜುಲೈನಲ್ಲಿ ಅನ್ನಭಾಗ್ಯ ಶುರುವಾದಾಗ ಕಿಲೋ ಅಕ್ಕಿಗೆ ಒಂದು ರೂಪಾಯಿ. ಬಡವರ ಮನೆಯಲ್ಲಿ ಒಲೆ ಹೊತ್ತಲು ಅದು ದೊಡ್ಡ ಆಸರೆ, ಅದನ್ನು ಹಗುರ ಮಾಡುವುದಿಲ್ಲ. ಆದರೆ ಅಕ್ಕಿ ಪುಕ್ಕಟೆ, ಜೋಳ ರೊಕ್ಕಕ್ಕೆ ಎಂದಾದಾಗ ಎರಡು ಹೊತ್ತಿನ ರೊಟ್ಟಿಯಲ್ಲಿ ಒಂದು ಹೊತ್ತು ಅನ್ನವಾಗುತ್ತದೆ.

2025ರ ನವೆಂಬರ್‌ನಲ್ಲಿ ಮೂಡಲಗಿ ತಾಲೂಕಿನ ಗುರ್ಲಾಪುರ ಕ್ರಾಸ್‌ನಲ್ಲಿ ಕಬ್ಬಿನ ಬೆಲೆಗಾಗಿ ರೈತರು ಕುಳಿತರು, ಮುಖ್ಯಮಂತ್ರಿ ಸಭೆ ಕರೆದು ಟನ್ನಿಗೆ 3,300 ರೂಪಾಯಿ ಘೋಷಿಸಿದರು. ಕಬ್ಬಿಗೆ ಹೀಗೆ ಕೇಳುವ ದನಿ ಇದೆ. ಜೋಳದ ಬೆಲೆಗಾಗಿ ಅಷ್ಟು ಜನ ರಸ್ತೆಗೆ ಕುಳಿತದ್ದನ್ನು ನಾವು ಕಂಡಿಲ್ಲ.

ಕಬ್ಬು ಕಿತ್ತೊಗೆಯಿರಿ ಎಂದು ನಾವು ಹೇಳುವುದಿಲ್ಲ, ಸಾಲ ತೀರುವುದೇ ಅದರಿಂದ. ಕೇಳಬೇಕಾದದ್ದು ಎರಡೇ: ಹಿಂಗಾರಿ ಜೋಳ ರಾಶಿಯಾಗುವ ಮೊದಲೇ ಖರೀದಿ ಕೇಂದ್ರ ತೆರೆಯಲಿ, ಆ ಜೋಳ ನಮ್ಮ ರೇಷನ್ ಅಂಗಡಿಗೇ ಬರಲಿ. ಮುಂದಿನ ಗ್ರಾಮಸಭೆಯಲ್ಲಿ ಈ ಎರಡು ಮಾತು ನಡಾವಳಿ ಪುಸ್ತಕದಲ್ಲಿ ಬರೆಸಿರಿ.