ಮೂಕನ ಪರವಾಗಿ ನುಡಿಯುವವರಾರು: ನ್ಯಾಯಿಕ ವ್ಯಕ್ತಿತ್ವದ ಚರಿತ್ರೆಯಲ್ಲಿ ದೇವತೆ ಮತ್ತು ನದಿ

2017ನೆಯ ಇಸವಿಯ ಮಾರ್ಚ್ 20ರಂದು, ಒಂದರ ಸುದ್ದಿ ಮತ್ತೊಂದಕ್ಕೆ ತಿಳಿಯದಷ್ಟು ದೂರದ ಎರಡು ಸ್ಥಳಗಳಲ್ಲಿ, ಒಂದೇ ಬಗೆಯ ಎರಡು ಘಟನೆಗಳು ನಡೆದವು. ನ್ಯೂಜಿಲೆಂಡಿನಲ್ಲಿ ವಾಂಗನುಯಿ ನದಿಯನ್ನು ನ್ಯಾಯಿಕ ವ್ಯಕ್ತಿಯೆಂದು ಅಂಗೀಕರಿಸುವ ಶಾಸನಕ್ಕೆ ರಾಜಸಮ್ಮತಿಯ ಮುದ್ರೆ ಬಿದ್ದಿತು. ನೈನಿತಾಲದಲ್ಲಿ ಉತ್ತರಾಖಂಡದ ಉಚ್ಚ ನ್ಯಾಯಾಲಯವು ಗಂಗೆ ಯಮುನೆಯರನ್ನು, ಅವುಗಳ ಉಪನದಿ ತೊರೆಗಳ ಸಮೇತವಾಗಿ, ಹಕ್ಕುಬಾಧ್ಯತೆಗಳುಳ್ಳ ವ್ಯಕ್ತಿಗಳೆಂದು ಘೋಷಿಸಿತು. ಮೊದಲನೆಯದು ಇಂದಿಗೂ ಜಾರಿಯಲ್ಲಿದೆ. ಎರಡನೆಯದಕ್ಕೆ ನಾಲ್ಕು ತಿಂಗಳು ತುಂಬುವುದರೊಳಗಾಗಿ ಸರ್ವೋಚ್ಚ ನ್ಯಾಯಾಲಯವು ತಡೆಯಾಜ್ಞೆಯನ್ನು ವಿಧಿಸಿತು. ಈ ವ್ಯತ್ಯಾಸಕ್ಕೆ ಕಾರಣವನ್ನು ಹುಡುಕುವವರು ಸಾಮಾನ್ಯವಾಗಿ ಜಡವಸ್ತುವು ವ್ಯಕ್ತಿಯಾಗಬಲ್ಲುದೇ ಎಂಬ ತಾತ್ತ್ವಿಕ ಪ್ರಶ್ನೆಯಲ್ಲಿಯೇ ತೊಡಗಿಬಿಡುತ್ತಾರೆ. ಆದರೆ ಈ ವಿಷಯದ ಚರಿತ್ರೆಯನ್ನು ಮೊದಲಿನಿಂದ ಪರಿಶೀಲಿಸಿದರೆ, ನ್ಯಾಯಶಾಸ್ತ್ರವನ್ನು ನಿಜವಾಗಿ ಕಾಡಿದ್ದು ಆ ಪ್ರಶ್ನೆಯಲ್ಲವೆಂದೂ, ಮಾತನಾಡಲಾರದ ವ್ಯಕ್ತಿಯ ಪರವಾಗಿ ಯಾರು ನಿಲ್ಲತಕ್ಕದ್ದು ಎಂಬುದೇ ಅದನ್ನು ಸದಾ ಕಾಡಿದ ಪ್ರಶ್ನೆಯೆಂದೂ ತೋರದಿರದು.

ನಮ್ಮ ಪ್ರಾಚೀನರು ಈ ಪ್ರಶ್ನೆಯನ್ನು ದೇವತೆಯ ಸಂಬಂಧವಾಗಿ ಎತ್ತಿದ್ದರು. ಜೈಮಿನಿಸೂತ್ರಗಳಿಗೆ ಭಾಷ್ಯವನ್ನು ಬರೆದ ಶಬರಸ್ವಾಮಿ, ಯಜ್ಞಯಾಗಾದಿಗಳನ್ನು ಎತ್ತಿಹಿಡಿದ ಮೀಮಾಂಸಕನಾಗಿದ್ದರೂ, ದೇವತೆಗೆ ಗ್ರಾಮವಿದೆ, ಕ್ಷೇತ್ರವಿದೆ ಎಂಬ ಲೋಕರೂಢಿಯ ಮಾತನ್ನು ಯಥಾರ್ಥವಾಗಿ ಸ್ವೀಕರಿಸಲು ಒಪ್ಪಲಿಲ್ಲ. ಸ್ವತ್ತನ್ನು ಇಚ್ಛಾನುಸಾರವಾಗಿ ವಿನಿಯೋಗಿಸಬಲ್ಲವನೇ ಅದರ ಸ್ವಾಮಿ. ದೇವತೆಯು ಹಾಗೆ ವಿನಿಯೋಗಿಸುವುದನ್ನು ಕಂಡವರಿಲ್ಲ. ಆದುದರಿಂದ ಆ ಮಾತು ಕೇವಲ ಔಪಚಾರಿಕ, ದೇವತೆಯನ್ನು ಉದ್ದೇಶಿಸಿ ತ್ಯಜಿಸಿದ ದ್ರವ್ಯದಿಂದ ಜೀವನವನ್ನು ನಡೆಸುವವರು ದೇವತೆಯ ಪರಿಚಾರಕರು ಎಂಬುದು ಅವನ ನಿರ್ಣಯ. ಮನುಸ್ಮೃತಿಯ ಭಾಷ್ಯಕಾರನಾದ ಮೇಧಾತಿಥಿಯೂ ದೇವಸ್ವದ ವಿಚಾರದಲ್ಲಿ ಇದೇ ಜಾಡನ್ನು ಹಿಡಿದನು. ದಾನಿಗಳಾದರೋ ಶಾಸ್ತ್ರಕಾರರ ಈ ಸಂಶಯಕ್ಕೆ ಕಿವಿಗೊಡಲಿಲ್ಲ. ದೇವರ ಅಂಗಭೋಗ ರಂಗಭೋಗಗಳಿಗೆಂದು ಭೂಮಿಯನ್ನು ಬಿಟ್ಟುಕೊಟ್ಟ ಶಾಸನಗಳು ಕನ್ನಡನಾಡಿನಲ್ಲಿ ಹೇರಳವಾಗಿವೆ. ಆದರೂ ಅವುಗಳಲ್ಲಿ ಗಮನಿಸತಕ್ಕ ಒಂದಂಶವುಂಟು: ದತ್ತಿಯು ದೇವರ ಹೆಸರಿನಲ್ಲಿದ್ದರೂ, ಕಲ್ಯಾಣದ ಚಾಲುಕ್ಯರ ಕಾಲದ ಅನೇಕ ಶಾಸನಗಳಲ್ಲಿ, ಸ್ಥಾನಾಚಾರ್ಯನ ಕಾಲನ್ನು ತೊಳೆದು, ಅವನ ಕೈಗೆ ಧಾರೆಯೆರೆದು ಅದನ್ನು ಒಪ್ಪಿಸುತ್ತಿದ್ದರು. ಬಳ್ಳಿಗಾವೆಯ ಕೇದಾರೇಶ್ವರದ ಕಾಳಾಮುಖ ಆಚಾರ್ಯರಿಗೆ ಸಂದ ದತ್ತಿಗಳು ಈ ಬಗೆಯವು. ಶಬರನು ತರ್ಕದಿಂದ ಹೇಳಿದ್ದನ್ನು ಶಾಸನಕಾರರು ವ್ಯವಹಾರದಿಂದ ಒಪ್ಪಿಕೊಂಡಿದ್ದರೆನ್ನಬಹುದು.

ಬ್ರಿಟಿಷರ ನ್ಯಾಯಾಲಯಗಳು ಈ ದೇವಸ್ವದ ವ್ಯಾಜ್ಯಗಳನ್ನು ಕೈಗೆತ್ತಿಕೊಂಡಾಗ ಅವರಿಗೆ ಒದಗಿದ ಮೊದಲ ಉಪಮಾನವು ಅಪ್ರಾಪ್ತವಯಸ್ಕನದು. 1875ರಲ್ಲಿ ಪ್ರಿವಿ ಕೌನ್ಸಿಲ್ಲು ದೇವತೆಯ ಆಸ್ತಿಯನ್ನು ನೋಡಿಕೊಳ್ಳುವ ಶೇಬಾಯತನ ಅಧಿಕಾರವನ್ನು ಎಳೆಯ ವಾರಸುದಾರನ ಆಸ್ತಿಯ ವ್ಯವಸ್ಥಾಪಕನ ಅಧಿಕಾರಕ್ಕೆ ಹೋಲಿಸಿತು. 1887ರಲ್ಲಿ ಮುಂಬಯಿಯ ಉಚ್ಚ ನ್ಯಾಯಾಲಯದ ಮುಂದೆ ಬಂದ ಡಾಕೋರಿನ ರಣಛೋಡರಾಯನ ಪ್ರಕರಣದಲ್ಲಿ, ದೇವರ ಮುಂದೆ ಭಕ್ತರು ಇಟ್ಟ ಕಾಣಿಕೆಯೆಲ್ಲವೂ ತಮ್ಮದೇ ಎಂದು ವಾದಿಸುತ್ತಿದ್ದ ಸೇವಕರು ಅದರ ಲೆಕ್ಕವನ್ನು ಒಪ್ಪಿಸಲೇಬೇಕೆಂಬ ತೀರ್ಮಾನವಾಯಿತು. ದೇವತೆಯು ನ್ಯಾಯಿಕ ವ್ಯಕ್ತಿಯೆಂಬ ತತ್ತ್ವವು ಅಲ್ಲಿ ಸ್ಥಿರಪಟ್ಟದ್ದು ಪರಿಚಾರಕನನ್ನು ಹದ್ದಿನಲ್ಲಿಡುವುದಕ್ಕಾಗಿ. ವ್ಯಕ್ತಿತ್ವವೆಂಬ ಪದವಿಯು ದೇವತೆಯ ಮಹಿಮೆಯನ್ನು ಹೆಚ್ಚಿಸುವುದಕ್ಕಾಗಿ ಹುಟ್ಟಿದುದಲ್ಲವೆಂಬುದನ್ನು ಇಲ್ಲಿಯೇ ಗುರುತಿಸಿಕೊಳ್ಳುವುದು ಲೇಸು.

ಇವೆಲ್ಲಕ್ಕಿಂತ ಸ್ಫುಟವಾದುದು 1925ರ ಕಲ್ಕತ್ತೆಯ ಪ್ರಕರಣ. ಮಲ್ಲಿಕ್ ಮನೆತನದವರು ತಮ್ಮ ಕುಲದೇವತೆಯ ಪೂಜೆಯನ್ನು ಪಾಳಿಯ ಮೇಲೆ ನಡೆಸುತ್ತಿದ್ದರು. ತನ್ನ ಪಾಳಿ ಬಂದಾಗ ವಿಗ್ರಹವನ್ನು ತನ್ನ ಮನೆಗೇ ಒಯ್ಯುವ ಅಧಿಕಾರವು ತನಗುಂಟೆಂದು ಅವರಲ್ಲೊಬ್ಬರು ವಾದಿಸಿದರು. ವಿಗ್ರಹವು ಬರಿಯ ಚರಸೊತ್ತಾಗಿದ್ದರೆ ಪಾಲುದಾರರ ಒಡಂಬಡಿಕೆಯಿಂದ ವ್ಯಾಜ್ಯವು ಮುಗಿದುಹೋಗುತ್ತಿತ್ತು. ಪ್ರಿವಿ ಕೌನ್ಸಿಲ್ಲಿನ ಪರವಾಗಿ ಲಾರ್ಡ್ ಷಾ ಬರೆದ ತೀರ್ಪು ಹಾಗೆ ಬಗೆಯಲಿಲ್ಲ: ವಿಗ್ರಹವು ದಾವೆ ಹೂಡಬಲ್ಲ, ದಾವೆಗೆ ಗುರಿಯಾಗಬಲ್ಲ ವ್ಯಕ್ತಿ, ತಾನು ಎಲ್ಲಿ ನೆಲೆಸತಕ್ಕದ್ದೆಂಬ ವಿಷಯದಲ್ಲಿ ಅದರ ಇಚ್ಛೆಯನ್ನು ಮನ್ನಿಸಬೇಕು, ಆ ಇಚ್ಛೆಯನ್ನು ಅರಿಕೆ ಮಾಡುವವರು ಶೇಬಾಯತರಾಗಬಾರದು, ಏತಕ್ಕೆಂದರೆ ಅವರೇ ವ್ಯಾಜ್ಯದ ಕಕ್ಷಿಗಳು, ಆದುದರಿಂದ ಈ ವಿಷಯದಲ್ಲಿ ಸ್ವಹಿತವಿಲ್ಲದ ಒಬ್ಬ ವಾದಮಿತ್ರನನ್ನು ನ್ಯಾಯಾಲಯವೇ ನೇಮಿಸತಕ್ಕದ್ದು. ಬಹುಜನರು ಉಲ್ಲೇಖಿಸುವುದು ಈ ತೀರ್ಪಿನ ಮೊದಲ ವಾಕ್ಯವನ್ನು, ಅಂದರೆ ವ್ಯಕ್ತಿತ್ವದ ಘೋಷಣೆಯನ್ನು. ನನ್ನ ಮತದಲ್ಲಿ ತೀರ್ಪಿನ ಜೀವಾಳವಿರುವುದು ಕಡೆಯ ವಾಕ್ಯದಲ್ಲಿ. ಮುಂದೆ 1969ರಲ್ಲಿ ನಮ್ಮ ಸರ್ವೋಚ್ಚ ನ್ಯಾಯಾಲಯವು ದೇವತೆಯು ಆದಾಯ ತೆರಿಗೆಗೂ ಒಳಪಡುತ್ತದೆಂದು ತೀರ್ಮಾನಿಸಿತು; 1991ರಲ್ಲಿ ಲಂಡನ್ನಿನ ಮೇಲ್ಮನವಿ ನ್ಯಾಯಾಲಯವು ತಮಿಳುನಾಡಿನ ಪತ್ತೂರಿನ ಪಾಳುಬಿದ್ದ ದೇವಾಲಯವೊಂದನ್ನು ಕಕ್ಷಿಯೆಂದು ಒಪ್ಪಿ, ಅಲ್ಲಿಂದ ಕದ್ದೊಯ್ದಿದ್ದ ನಟರಾಜನನ್ನು ಹಿಂದಿರುಗಿಸುವಂತೆ ಮಾಡಿತು.

ನಿಸರ್ಗದ ಕಡೆಗೆ ಈ ವಿಚಾರವು ತಿರುಗಿದುದು ಅಮೆರಿಕದಲ್ಲಿ. ಕ್ಯಾಲಿಫೋರ್ನಿಯದ ಸಿಯೆರಾ ನೆವಾಡ ಪರ್ವತಶ್ರೇಣಿಯ ಮಿನರಲ್ ಕಿಂಗ್ ಎಂಬ ಕಣಿವೆಯಲ್ಲಿ ವಾಲ್ಟ್ ಡಿಸ್ನಿ ಸಂಸ್ಥೆಯು ಹಿಮಕ್ರೀಡೆಯ ವಿಹಾರಧಾಮವೊಂದನ್ನು ಕಟ್ಟಹೊರಟಾಗ, ಸಿಯೆರಾ ಕ್ಲಬ್ ಎಂಬ ನಿಸರ್ಗಪ್ರೇಮಿಗಳ ಸಂಘವು ದಾವೆ ಹೂಡಿತು. ಆದರೆ ಆ ಕಣಿವೆಯ ನಾಶದಿಂದ ತನಗಾಗಲಿ ತನ್ನ ಸದಸ್ಯರಿಗಾಗಲಿ ಒದಗುವ ಹಾನಿಯನ್ನು ಅದು ನಿರೂಪಿಸಲಿಲ್ಲವಾದ ಕಾರಣ, 1972ರ ಏಪ್ರಿಲ್‌ನಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯವು ದಾವೆಯನ್ನು ತಳ್ಳಿಹಾಕಿತು. ಅಷ್ಟರಲ್ಲಿ ದಕ್ಷಿಣ ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯದ ಪ್ರಾಧ್ಯಾಪಕ ಕ್ರಿಸ್ಟೋಫರ್ ಸ್ಟೋನ್, ಹಾನಿಯು ಕಣಿವೆಯದೇ ಆದ ಮೇಲೆ ಕಣಿವೆಯೇ ಏಕೆ ವಾದಿಯಾಗಬಾರದೆಂದು ಕೇಳುವ ಪ್ರಬಂಧವನ್ನು ಪ್ರಕಟಿಸಿದ್ದರು. ನ್ಯಾಯಮೂರ್ತಿ ವಿಲಿಯಂ ಡಗ್ಲಸ್ ತಮ್ಮ ಭಿನ್ನಮತದ ತೀರ್ಪಿನಲ್ಲಿ ಅದನ್ನು ಎತ್ತಿಕೊಂಡು, ಹಡಗಿಗೂ ವ್ಯಾಪಾರಸಂಸ್ಥೆಗೂ ಒದಗಿದ ವ್ಯಕ್ತಿತ್ವವು ನದಿಗೂ ಅರಣ್ಯಕ್ಕೂ ಏಕೆ ಒದಗಬಾರದೆಂದು ಕೇಳಿದರು. ಸ್ಟೋನ್ ಕೇವಲ ಕವಿಹೃದಯದ ವಾದಿಯಾಗಿರಲಿಲ್ಲ. ಬುದ್ಧಿಭ್ರಮಣೆಯಾದವನಿಗೆ ನ್ಯಾಯಾಲಯವು ಪೋಷಕನನ್ನು ಗೊತ್ತುಮಾಡುವಂತೆ ನಿಸರ್ಗವಸ್ತುವಿಗೂ ಗೊತ್ತುಮಾಡಬೇಕೆಂಬುದು ಅವರ ಯೋಜನೆಯ ಆಧಾರಸ್ತಂಭ. ಮಿನರಲ್ ಕಿಂಗ್ ಕಣಿವೆಯು 1978ರಲ್ಲಿ ಸಿಕ್ವೋಯ ರಾಷ್ಟ್ರೀಯ ಉದ್ಯಾನಕ್ಕೆ ಸೇರಿ ಉಳಿದುಕೊಂಡಿತು; ಅದು ಉಳಿದದ್ದು ಸಂಸತ್ತಿನಿಂದ, ವ್ಯಕ್ತಿತ್ವದ ಸಿದ್ಧಾಂತದಿಂದಲ್ಲ.

ವಾಂಗನುಯಿಯ ಕಥೆ ಬೇರೆ ಬಗೆಯದು, ಮತ್ತು ಬಹಳ ದೀರ್ಘವಾದುದು. ಉತ್ತರ ದ್ವೀಪದ ನಡುವಿನ ಜ್ವಾಲಾಮುಖಿಗಳ ತಪ್ಪಲಿನಿಂದ ಸುಮಾರು 290 ಕಿಲೋಮೀಟರು ಹರಿದು ಸಮುದ್ರವನ್ನು ಸೇರುವ ಈ ನದಿಯನ್ನು ಅದರ ದಡದ ಮಾವೋರಿ ಕುಲಗಳು ತಮ್ಮ ಪೂರ್ವಜನೆಂದು ಎಣಿಸುತ್ತವೆ. ಬ್ರಿಟಿಷರೊಡನೆ 1840ರ ವೈಟಾಂಗಿ ಒಪ್ಪಂದವಾದ ಮೇಲೂ ನದೀಪಾತ್ರದ ಒಡೆತನವು ಅವರ ಕೈತಪ್ಪಿತು. 1903ರ ಶಾಸನವೊಂದು ನೌಕಾಯಾನಕ್ಕೆ ಯೋಗ್ಯವಾದ ನದಿಗಳ ಪಾತ್ರವನ್ನೆಲ್ಲ ರಾಜ್ಯದ ಸ್ವತ್ತಾಗಿಸಿತು. 1938ರಲ್ಲಿ ಮಾವೋರಿಗಳು ತಮ್ಮ ಭೂನ್ಯಾಯಾಲಯದಲ್ಲಿ ಆರಂಭಿಸಿದ ವ್ಯಾಜ್ಯವು ನ್ಯಾಯಾಲಯದಿಂದ ನ್ಯಾಯಾಲಯಕ್ಕೆ ಅಲೆದು 1962ರಲ್ಲಿ ಸೋಲಿನಲ್ಲಿ ಕೊನೆಗಂಡಿತು. 1999ರಲ್ಲಿ ವೈಟಾಂಗಿ ನ್ಯಾಯಮಂಡಳಿಯು ಅವರ ಪರವಾಗಿ ವರದಿ ಮಾಡಿತಾದರೂ, ಒಡೆತನವು ಯಾರದೆಂಬ ಪ್ರಶ್ನೆಯಲ್ಲಿ ಸರ್ಕಾರವೂ ಕುಲಗಳೂ ಒಮ್ಮತಕ್ಕೆ ಬರಲಿಲ್ಲ. ನದಿಯ ಪಾತ್ರವು ಯಾರಿಗೂ ಸೇರದೆ ನದಿಗೇ ಸೇರಲಿ ಎಂಬ ಪರಿಹಾರವು ಈ ಗಂಟಿನಿಂದ ಪಾರಾಗುವ ದಾರಿಯಾಗಿ ಹೊರಬಂದಿತು. ಹೀಗಾಗಿ ಇದು ಪರಿಸರಶಾಸನವೆನ್ನುವುದಕ್ಕಿಂತ ಹೆಚ್ಚಾಗಿ ಹಳೆಯ ಅನ್ಯಾಯವೊಂದರ ಸಂಧಾನಪತ್ರ. ನಮ್ಮಲ್ಲಿ ಇದನ್ನು ಹೊಗಳುವವರು ಈ ಅಂಶವನ್ನು ಮರೆಯುತ್ತಾರೆ. ನದಿಯ ಮುಖವಾಗಿ ನಿಲ್ಲುವ ಪದವಿಗೆ ಶಾಸನವು ಇಬ್ಬರನ್ನು ಗೊತ್ತುಮಾಡಿದೆ: ಒಬ್ಬರು ಕುಲಗಳ ಸೂಚಿತರು, ಮತ್ತೊಬ್ಬರು ರಾಜ್ಯದ ಸೂಚಿತರು. ಇಬ್ಬರೂ ನುಡಿಯಬೇಕಾದದ್ದು ತಮ್ಮನ್ನು ಸೂಚಿಸಿದವರ ಪರವಾಗಿ ಅಲ್ಲ, ನದಿಯ ಪರವಾಗಿ. ಅದೇ ಶಾಸನವು ಖಾಸಗಿ ಒಡೆತನವನ್ನಾಗಲಿ, ಮೊದಲೇ ಇದ್ದ ಅನುಮತಿಗಳನ್ನಾಗಲಿ ಮುಟ್ಟಲಿಲ್ಲವಾಗಿ, ವಿದ್ಯುತ್ತಿಗಾಗಿ ಮೇಲ್ದಂಡೆಯ ನೀರನ್ನು ತಿರುಗಿಸುವ ಟೊಂಗರಿರೊ ಯೋಜನೆಯು ಶಾಸನದೊಡನೆಯೇ ನಿಂತುಬಿಡಲಿಲ್ಲವೆಂಬುದನ್ನೂ ಇಲ್ಲಿ ಹೇಳಲೇಬೇಕು.

ಇದಕ್ಕೆ ವಿರುದ್ಧವಾದ ದಾರಿಯು ಈಕ್ವಡಾರಿನದು. 2008ರ ಅಲ್ಲಿನ ಸಂವಿಧಾನವು ನಿಸರ್ಗಕ್ಕೆ ನೇರವಾಗಿ ಹಕ್ಕುಗಳನ್ನು ಕೊಟ್ಟು, ಅವುಗಳಿಗಾಗಿ ಮೊರೆಯಿಡುವ ಅಧಿಕಾರವನ್ನು ಯಾವೊಬ್ಬ ಪೋಷಕನಿಗೂ ಮೀಸಲಿಡದೆ ಎಲ್ಲರಿಗೂ ತೆರೆದಿಟ್ಟಿತು; 2011ರಲ್ಲಿ ವಿಲ್ಕಬಾಂಬ ನದಿಯ ಹೆಸರಿನಲ್ಲಿ ಆ ಅಧಿಕಾರವು ಮೊದಲಬಾರಿಗೆ ಫಲಿಸಿತು.

ಉತ್ತರಾಖಂಡದ ತೀರ್ಪನ್ನು ಈ ಹಿನ್ನೆಲೆಯಲ್ಲಿ ಓದತಕ್ಕದ್ದು. ನ್ಯಾಯಮೂರ್ತಿಗಳಾದ ರಾಜೀವ್ ಶರ್ಮ ಮತ್ತು ಅಲೋಕ್ ಸಿಂಗ್ ಅವರು ದೇವತೆಯ ವ್ಯಕ್ತಿತ್ವವನ್ನು ಒಪ್ಪಿದ ತೀರ್ಪುಗಳನ್ನೇ ಆಧಾರವಾಗಿ ಹಿಡಿದು, ನದಿಗಳಿಗೆ ತಂದೆತಾಯಿಗಳ ಸ್ಥಾನದಲ್ಲಿ ನಮಾಮಿ ಗಂಗೆ ಯೋಜನೆಯ ನಿರ್ದೇಶಕರನ್ನೂ, ರಾಜ್ಯದ ಮುಖ್ಯ ಕಾರ್ಯದರ್ಶಿಯನ್ನೂ, ಅಡ್ವೊಕೇಟ್ ಜನರಲ್ಲರನ್ನೂ ನೇಮಿಸಿದರು. ವಿಪರ್ಯಾಸವು ಇರುವುದು ಇಲ್ಲಿ. ಆ ಮೊಕದ್ದಮೆ ಎದ್ದುದು ಒತ್ತುವರಿಯನ್ನು ತೆರವುಗೊಳಿಸದ ಸರ್ಕಾರಗಳ ಆಲಸ್ಯದಿಂದ. ಪೋಷಕರಾಗಿ ಬಂದವರು ಆ ಸರ್ಕಾರಗಳ ಅಧಿಕಾರಿಗಳೇ. ವ್ಯಾಜ್ಯದಲ್ಲಿ ಸ್ವಹಿತವುಳ್ಳ ಶೇಬಾಯತರನ್ನು 1925ರ ತೀರ್ಪು ಬದಿಗಿರಿಸಿತ್ತು. 2017ರ ತೀರ್ಪು ಅಂಥವರನ್ನೇ ಕರೆದು ಕೂರಿಸಿತು. ರಾಜ್ಯಸರ್ಕಾರವು ಸರ್ವೋಚ್ಚ ನ್ಯಾಯಾಲಯದ ಮೊರೆಹೊಕ್ಕು, ಅನೇಕ ರಾಜ್ಯಗಳಲ್ಲಿ ಹರಿಯುವ ನದಿಗೆ ತನ್ನೊಬ್ಬನ ಅಧಿಕಾರಿಯು ಪೋಷಕನಾಗುವುದೆಂತು, ಪ್ರವಾಹದಲ್ಲಿ ಮನೆಮಠ ಕಳೆದುಕೊಂಡವರು ನದಿಯ ಮೇಲೆ ಹೂಡುವ ದಾವೆಗೆ ಉತ್ತರಿಸುವವರಾರು ಎಂದು ಕೇಳಿತು. ಕೆಲವರು ಇದನ್ನು ಪರಿಹಾಸ್ಯಮಾಡಿದರು. ತೆರಿಗೆ ತೆರಬೇಕಾದ ದೇವತೆಯ ಚರಿತ್ರೆಯನ್ನು ಬಲ್ಲವರಿಗೆ ಅದು ನಗತಕ್ಕ ಪ್ರಶ್ನೆಯಲ್ಲ. ಜುಲೈ 7ರಂದು ತಡೆಯಾಜ್ಞೆ ಹೊರಟಿತು.

ಪ್ರಾಣಿಗಳ ವಿಷಯದಲ್ಲಿ ಇದೇ ತೊಡಕು ನಮ್ಮ ಕರಾವಳಿಯವರೆಗೂ ಬಂದಿತ್ತು. 2014ರ ಜಲ್ಲಿಕಟ್ಟಿನ ತೀರ್ಪು ಪ್ರಾಣಿಗಳ ಬಾಳಿಗೂ ಸಂವಿಧಾನದ 21ನೆಯ ವಿಧಿಯ ಛಾಯೆಯನ್ನು ಹಬ್ಬಿಸಿತು. 2017ರಲ್ಲಿ ಕರ್ನಾಟಕವು ಕಂಬಳವನ್ನು ಉಳಿಸಿಕೊಳ್ಳಲು ತಿದ್ದುಪಡಿ ತಂದಿತು. 2023ರ ಮೇ ತಿಂಗಳಲ್ಲಿ ಐವರು ನ್ಯಾಯಮೂರ್ತಿಗಳ ಪೀಠವು ಆ ತಿದ್ದುಪಡಿಯನ್ನು ಎತ್ತಿಹಿಡಿದು, ಪ್ರಾಣಿಗಳಿಗೆ ಮೂಲಭೂತ ಹಕ್ಕನ್ನು ಕೊಟ್ಟ ಪೂರ್ವನಿದರ್ಶನವಿಲ್ಲವೆಂದಿತು. ಕೋಣಗಳನ್ನು ಮಕ್ಕಳಂತೆ ಸಾಕುತ್ತೇವೆನ್ನುವ ಯಜಮಾನರೂ, ಅವುಗಳ ನೋವನ್ನು ಎತ್ತಿತೋರಿಸುವ ದಯಾಸಂಘದವರೂ, ಇಬ್ಬರೂ ಅವುಗಳ ಹಿತೈಷಿಗಳೆಂದೇ ಹೇಳಿಕೊಳ್ಳುತ್ತಾರಷ್ಟೆ.

ಈ ನಡುವೆ 2020ರ ಮಾರ್ಚ್‌ನಲ್ಲಿ ಪಂಜಾಬ್ ಮತ್ತು ಹರಿಯಾಣದ ಉಚ್ಚ ನ್ಯಾಯಾಲಯವು ಚಂಡೀಗಢದ ಸುಖ್ನಾ ಸರೋವರವನ್ನು ನ್ಯಾಯಿಕ ವ್ಯಕ್ತಿಯೆಂದು ಘೋಷಿಸಿತು. 1958ರಲ್ಲಿ ಹಳ್ಳಕ್ಕೆ ಅಣೆಕಟ್ಟಿ ನಿರ್ಮಿಸಿದ ಕೃತಕ ಸರೋವರವಿದು. ನಿಸರ್ಗದ ಹಕ್ಕಿನ ಫಲವು ಮನುಷ್ಯನಿರ್ಮಿತಿಗೂ ದೊರೆತುದು ಸ್ವಾರಸ್ಯಕರ. ಪೀಠದಲ್ಲಿದ್ದವರು ಅದೇ ರಾಜೀವ್ ಶರ್ಮರು. ಮೂರು ವರ್ಷಗಳ ಹಿಂದೆ ಅಧಿಕಾರಿಗಳಿಗೆ ಕೊಟ್ಟಿದ್ದ ಪೋಷಕಸ್ಥಾನವನ್ನು ಈ ಸಲ ಅವರು ಚಂಡೀಗಢದ ಸಮಸ್ತ ನಾಗರಿಕರಿಗೆ ಕೊಟ್ಟರು. ಸ್ವಹಿತವಿಲ್ಲದ ಒಬ್ಬನನ್ನು ಹೆಸರಿಸಿ ನೇಮಿಸುವ ಕಲ್ಕತ್ತೆಯ ಕ್ರಮವು ಈ ಎರಡು ತೀರ್ಪುಗಳ ನಡುವೆ ಎಲ್ಲಿಯೂ ಬರಲಿಲ್ಲ.